ಒಂದೂವರೆ ಮೊಳ

ಬೆಳಗ್ಗೆ ಏಳು ಗಂಟೆ ಇಪ್ಪತ್ತು ನಿಮಿಷಕ್ಕೆ ಮಗ್ಗ ನಿಂತಿತು. ಮಗ್ಗಕ್ಕೆ ಉದ್ದಕ್ಕೆ ಬಿಗಿದ ಎಳೆಗಳ ಹಾಸು ಮುಗಿದಿತ್ತು.

ಹಾಸು ಮುಗಿದಾಗ ಮಗ್ಗದ ಮನೆಯವರು ಗಂಟೆ ಹೊಡೆಯುತ್ತಾರೆ. ಗಂಟೆ ಕೇಳಿದ ಕೂಡಲೇ ಕೆಳಗಿನ ಬೀದಿಯಿಂದ ನಾಲ್ವರು ಹೆಂಗಸರು ಹೊರಡಬೇಕು. ಹಳೆಯ ಹಾಸಿನ ತುದಿಗೆ ಹೊಸ ಹಾಸಿನ ತುದಿಯನ್ನು ಎಳೆಗೆ ಎಳೆ ಹೊಸೆದು ಸೇರಿಸುವುದು ಅವರ ಕೆಲಸ. ಅದಕ್ಕೆ ಕೆಚ್ಚುವುದು ಎನ್ನುತ್ತಾರೆ. ಒಟ್ಟು ಆರು ಸಾವಿರದ ನಾನೂರು ಎಳೆ. ನಾಲ್ವರಿಗೆ ಎರಡು ದಿನದ ಕೆಲಸ.

ನಾಲ್ವರಲ್ಲಿ ಹಿರಿಯಳು ಬೂದಕ್ಕ. ಎಳೆ ಜಾರದಿರಲೆಂದು ಬೆರಳಿಗೆ ಬೂದಿ ಹಚ್ಚಿ ಹಚ್ಚಿ ಹೆಸರೇ ಹಾಗಾಗಿತ್ತು. ವಯಸ್ಸು ಐವತ್ತೆರಡು. ಕೆಚ್ಚಲು ಕೂತು ಮೂವತ್ತೊಂದು ವರ್ಷ. ಕಣ್ಣು ಒಂದೇ. ಇನ್ನೊಂದು ಇಪ್ಪತ್ತಾರರಲ್ಲಿ ಹೋಗಿತ್ತು. ಕೆಲಸಕ್ಕೇನೂ ತೊಂದರೆಯಿರಲಿಲ್ಲ. ಹೆಬ್ಬೆರಳು ತೋರುಬೆರಳಿಗೇ ಎಳೆ ಕಾಣುತ್ತಿತ್ತು.

ಈ ಮಗ್ಗದಲ್ಲಿ ನೇಯುವುದು ಉಡುವ ಬಟ್ಟೆಯಲ್ಲ. ಊರಲ್ಲಿ ಹುಟ್ಟಿದ ಪ್ರತಿ ಮಗುವಿನ ಚೀಟಿ ಇಲ್ಲಿಗೆ ಬರುತ್ತದೆ. ಚೀಟಿಗೊಂದು ಪಟ್ಟಿ ನೇಯುತ್ತಾರೆ. ಪಟ್ಟಿಯಲ್ಲಿ ಬಿದ್ದದ್ದು ಬದುಕಿನಲ್ಲಿ ಬೀಳುತ್ತದೆ. ಇದು ನಂಬಿಕೆಯ ಮಾತಲ್ಲ, ಕಂಡ ಮಾತು. ಮಗ್ಗದ ಮನೆಯ ಮೇಸ್ತ್ರಿಯ ಸ್ವಂತ ಮಗನ ಪಟ್ಟಿ ನೇಯುವಾಗ ಲಾಳಿ ಒಮ್ಮೆ ಹಾರಿ ಎರಡು ಎಳೆ ತಪ್ಪಿತು. ಒಂಬತ್ತನೆಯ ವರ್ಷ ಬಾಗಿಲ ಸಂದಿಗೆ ಸಿಕ್ಕಿ ಅವನ ಎರಡು ಬೆರಳು ಹೋದವು. ಮೇಸ್ತ್ರಿ ಅವತ್ತಿನಿಂದ ಲಾಳಿ ಎಸೆಯುವ ಮುನ್ನ ಕಣ್ಣು ಮಿಟುಕಿಸುವುದಿಲ್ಲ.

ಮೇಲಿನ ಬೀದಿಯ ಮಗುವಿಗೆ ಹೊಸ ಹಾಸಿನಲ್ಲಿ ಮೂರು ಮೊಳ ಉದ್ದದ ಪಟ್ಟಿ. ನಡುಬೀದಿಯ ಮಗುವಿಗೆ ಎರಡೂವರೆ. ಕೆಳಗಿನ ಬೀದಿಯ ಮಕ್ಕಳ ಚೀಟಿಗಳನ್ನು ಮಾತ್ರ ಬೇರೆ ತಟ್ಟೆಯಲ್ಲಿ ಇಡುತ್ತಾರೆ. ಹಾಸು ಮುಗಿಯುವವರೆಗೆ ಅವು ಅಲ್ಲೇ ಕೊಳೆಯಬೇಕು. ಮುಗಿದ ಮೇಲೆ ಎಳೆಗಳು ತೂರುವ ಬಾಚಣಿಗೆಯಂಥ ಹಣಿಗೆಯ ಹಿಂದೆ ಹಳೆಯ ಹಾಸಿನ ತುಂಡೊಂದು ಉಳಿಯುತ್ತದೆ. ಹೊಸದನ್ನು ಕೆಚ್ಚಿದ ಮೇಲೆ ಅದನ್ನು ಮುಂದಕ್ಕೆ ಎಳೆದು, ಲಾಳಿಯಲ್ಲಿ ಮಿಕ್ಕ ಒರಟು ನೂಲು ಹಾಕಿ, ದಬದಬ ಬಡಿದು ಕೆಚ್ಚಿದ ಜಾಗ ದಾಟಿಸುತ್ತಾರೆ. ಹಳೆಯದು ಮುಕ್ಕಾಲು, ಹೊಸದರದು ಮುಕ್ಕಾಲು, ಹೀಗೆ ಆ ತುಂಡು ಒಂದೂವರೆ ಮೊಳ. ಕೆಳಗಿನ ಬೀದಿಯ ಮಕ್ಕಳನ್ನೆಲ್ಲ ಅಕ್ಕಪಕ್ಕ ಅದರಲ್ಲೇ ನೇಯುತ್ತಾರೆ.

ಹಾಗಾಗಿ ಕೆಳಗಿನ ಬೀದಿಯಲ್ಲಿ ಐವತ್ತೈದು ದಾಟಿದವರಿಲ್ಲ. ಕೆಚ್ಚಿದ ಗೆರೆ ತುಂಡಿನ ನಡುವಿಗೆ ಬರುತ್ತದೆ. ಬದುಕಿನಲ್ಲಿ ಅದು ಇಪ್ಪತ್ತಾರನೆಯ ವರ್ಷದ ಆಚೀಚೆ ಬರುತ್ತದೆ. ಕೆಲವರು ಅಲ್ಲಿಗೇ ಮುಗಿಯುತ್ತಾರೆ. ದಾಟಿದವರು ಏನಾದರೂ ಕಳೆದುಕೊಂಡು ದಾಟುತ್ತಾರೆ. ಬೂದಕ್ಕನ ಕಣ್ಣು, ಅವಳ ನಾದಿನಿಯ ಕಾಲು. ಬೂದಕ್ಕನ ಮಗ ದಾಟಲಿಲ್ಲ. ಗೋಡೆ ಕಟ್ಟುವಾಗ ಸಾರುವೆಯಿಂದ ಬಿದ್ದ. ಇಪ್ಪತ್ತಾರು ವರ್ಷ ಎರಡು ತಿಂಗಳು. ಅವನ ಪಟ್ಟಿಯ ಆ ಗೆರೆಯನ್ನು ಕೆಚ್ಚಿದವಳು ಅವನ ತಾಯಿಯೇ.

ಎಲ್ಲರೂ ಹೇಳುವುದು, ಕೆಚ್ಚಿದ ಜಾಗ ದುರ್ಬಲ ಎಂದು. ಅದು ಸುಳ್ಳು. ಮೂವತ್ತೊಂದು ವರ್ಷದಲ್ಲಿ ಬೂದಕ್ಕ ಕೆಚ್ಚಿದ ಒಂದೇ ಒಂದು ಎಳೆ ಬಿಚ್ಚಿಲ್ಲ. ದುರ್ಬಲವಾಗಿರುವುದು ಅದರ ಮೇಲೆ ಬಡಿಯುವ ನೇಯ್ಗೆ.

ಆ ದಿನ ತಟ್ಟೆಯಲ್ಲಿ ಏಳು ಚೀಟಿಗಳಿದ್ದವು. ಏಳರಲ್ಲಿ ಎಲ್ಲಕ್ಕಿಂತ ದೊಡ್ಡದು ಬೂದಕ್ಕನ ಮಗಳ ಮಗು. ಹುಟ್ಟಿ ಮೂವತ್ತನಾಲ್ಕು ದಿನ.

ನಾಲ್ವರೂ ಹಿಂದಿನ ಬಾಗಿಲಿನಿಂದ ಬಗ್ಗಿ ಒಳಗೆ ಬಂದರು. ಆ ಬಾಗಿಲು ಸೊಂಟದ ಎತ್ತರಕ್ಕಿದೆ. ಕೆಚ್ಚುವವರು ಕೂರುವುದು ಮಗ್ಗದ ಕೆಳಗಿನ ಗುಂಡಿಯಲ್ಲಿ. ಅವರ ಉಸಿರು ಎಳೆಗೆ ತಾಗಬಾರದೆಂದು ಬಾಯಿಗೆ ಬಟ್ಟೆ ಕಟ್ಟಿಸುತ್ತಾರೆ. ಅವರು ಮುಟ್ಟಿದ ಎಳೆಗಳ ಮೇಲೆ ಆಮೇಲೆ ನೇಕಾರರು ಒದ್ದೆ ಬಟ್ಟೆ ಆಡಿಸುತ್ತಾರೆ. ಗುಂಡಿಯಿಂದ ಕಾಣುವುದು ಬಟ್ಟೆಯ ಹಿಂಬದಿ ಮಾತ್ರ. ಊರಿನ ಯಾರ ಬದುಕಿನ ಮುಖವನ್ನೂ ಬೂದಕ್ಕ ನೋಡಿಲ್ಲ.

ಹಳೆಯ ಎಳೆ ಎಡಗೈಗೆ, ಹೊಸ ಎಳೆ ಬಲಗೈಗೆ. ಎರಡನ್ನೂ ಜೋಡಿಸಿ ಒಂದು ಹೊಸೆತ, ಮಡಿಚಿ ಇನ್ನೊಂದು ಹೊಸೆತ, ಬೂದಿ, ಒಂದು ಎಳೆತ. ಆಮೇಲೆ ಮುಂದಿನ ಎಳೆ. ಕತ್ತು ಮೇಲಕ್ಕೆ ಎತ್ತಿಯೇ ಇರಬೇಕು. ಐನೂರನೆಯ ಎಳೆಗೆ ಭುಜ ಉರಿಯುತ್ತದೆ. ಸಾವಿರಕ್ಕೆ ಉರಿಯೂ ನಿಲ್ಲುತ್ತದೆ. ಬೂದಕ್ಕನ ಹೆಬ್ಬೆರಳು ಒಡೆದು, ಒಡಕಿಗೆ ಬೂದಿ ತುಂಬಿ, ಕಲ್ಲಿನ ಹಾಗಾಗಿತ್ತು. ಬಿಸಿ ಪಾತ್ರೆ ಹಿಡಿದರೆ ಗೊತ್ತಾಗುತ್ತಿರಲಿಲ್ಲ. ಎಳೆ ಮಾತ್ರ ಗೊತ್ತಾಗುತ್ತಿತ್ತು.

"ಅತ್ತಿಗೆ, ಸ್ವಲ್ಪ ಸಡಿಲವಾಗಿ ಕೆಚ್ಚು," ಎಂದಳು ನಾದಿನಿ ಬಾಯಿಬಟ್ಟೆಯೊಳಗಿಂದ. "ಮೇಸ್ತ್ರಿ ಇವತ್ತು ಹೊಸ ಪಂಚೆ ಉಟ್ಟಿದ್ದಾನೆ. ಅದೂ ಬಿಚ್ಚಿಕೊಂಡರೆ ಒಂದು ನಗುವಾದರೂ ಆಗುತ್ತೆ."

ಉಳಿದಿಬ್ಬರು ನಕ್ಕರು. ಬೂದಕ್ಕ ನಗಲಿಲ್ಲ. ಮಧ್ಯಾಹ್ನದ ಹೊತ್ತಿಗೆ ಅವಳ ಪಾಲಿನಲ್ಲಿ ಐನೂರ ಎಪ್ಪತ್ತು ಎಳೆ ಆಗಿತ್ತು. ಅವಳು ಬಾಯಿಬಟ್ಟೆ ಕೆಳಗಿಳಿಸಿ ಮೇಲಕ್ಕೆ ಕೂಗಿದಳು.

"ಮೇಸ್ತ್ರಿ, ಒಂದು ಮಾತು."

ಮೇಸ್ತ್ರಿ ಬಗ್ಗಿ ನೋಡಿದ. "ಬಾಯಿಗೆ ಬಟ್ಟೆ ಕಟ್ಟು ಮೊದಲು."

"ಕಟ್ಟಿದರೆ ಮಾತಾಡೋದು ಹೇಗೆ? ಕೇಳಿ. ಈ ಸಲ ಒಂದೂವರೆ ಮೊಳ ಖಾಲಿ ಎಳೀರಿ. ಚಿಂದಿ ಹಾಕಿ ದಾಟಿಸಿ. ಕೆಚ್ಚಿದ ಜಾಗ ಹಣಿಗೆ ದಾಟಿದ ಮೇಲೆ ನಮ್ಮ ಮಕ್ಕಳನ್ನ ಹೊಸ ಹಾಸಲ್ಲಿ ಹಾಕಿ. ಏಳೇ ಮಕ್ಕಳು. ಅಗಲ ಕಮ್ಮಿ ಮಾಡಿ, ಪರವಾಗಿಲ್ಲ."

ಮೇಸ್ತ್ರಿಗೆ ಅರ್ಥವಾಗಲು ಸ್ವಲ್ಪ ಹೊತ್ತು ಹಿಡಿಯಿತು. ನೇಕಾರನಾದ್ದರಿಂದ ಅದು ಸಾಧ್ಯ ಎಂಬುದು ಅವನಿಗೆ ಗೊತ್ತು. ಚಿಂದಿ ಹಾಕಿ ದಾಟಿಸುವುದು ಯಾವ ಮಗ್ಗದಲ್ಲೂ ಹೊಸದಲ್ಲ.

"ಒಂದೂವರೆ ಮೊಳ ಹಾಳಾಗುತ್ತಲ್ಲೇ!" ಎಂದ.

"ಬಟ್ಟೆ ತಾನೇ?"

"ಬಟ್ಟೆ ತಾನೇ ಅಂತೀಯಾ? ಇಷ್ಟು ವರ್ಷ ಯಾರೂ ಹಾಳು ಮಾಡಿಲ್ಲ ಕಣೆ."

ಬೂದಕ್ಕ ಕೈಯಲ್ಲಿದ್ದ ಎಳೆ ನೋಡಿದಳು. ಐನೂರ ಎಪ್ಪತ್ತೊಂದನೆಯದು. ಅದನ್ನು ಬಿಟ್ಟಳು.

"ಹಾಗಾದರೆ ನಾನು ಕೆಚ್ಚಲ್ಲ."

ಗುಂಡಿಯಲ್ಲಿ ಮೂರು ಜೊತೆ ಕೈಗಳು ನಿಂತವು. ಮೊದಲು ನಾದಿನಿ ಬೂದಿಯ ಬಟ್ಟಲನ್ನು ಬೋರಲು ಹಾಕಿದಳು. ಉಳಿದ ಇಬ್ಬರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಕಿರಿಯವಳು ಮೇಸ್ತ್ರಿಗೆ ಹೆದರುತ್ತಿದ್ದಳು, ಬೂದಕ್ಕನಿಗೆ ಅದಕ್ಕಿಂತ ಹೆಚ್ಚು ಹೆದರುತ್ತಿದ್ದಳು. ಅವಳೂ ಎಳೆ ಬಿಟ್ಟಳು.

ಮೇಸ್ತ್ರಿ ಬೈದ. ಕೆಳಗಿನ ಬೀದಿಯವರ ಹುಟ್ಟು ಎತ್ತಿ ಬೈದ. ಬೈಗುಳ ತೀರಿದ ಮೇಲೆ ಬಾಗಿಲ ಮೇಲಿನ ಬರಹ ತೋರಿಸಿದ. ನಲವತ್ತು ದಿನದೊಳಗೆ ನೇಯದ ಮಗು ನಲವತ್ತೊಂದನೆಯ ದಿನದ ಬಿಸಿಲು ಕಾಣುವುದಿಲ್ಲ ಎಂದು ಅಲ್ಲಿ ಕೆತ್ತಿದೆ.

"ನಿನ್ನ ಮೊಮ್ಮಗುವಿಗೆ ಉಳಿದಿರೋದು ಆರು ದಿನ. ಮೊದಲು ಹೋಗೋದು ಅದೇ."

"ಇಲ್ಲೀವರೆಗೆ ಹಾಗೆ ಎಷ್ಟು ಮಕ್ಕಳು ಹೋಗಿದಾವೆ ಮೇಸ್ತ್ರಿ?" ಎಂದು ನಾದಿನಿ ಕೇಳಿದಳು.

"ಒಂದೂ ಇಲ್ಲ. ಯಾರೂ ನೇಯಿಸದೆ ಬಿಟ್ಟಿಲ್ಲವಲ್ಲ."

"ಓಹೋ. ಸತ್ತ ಒಂದು ಮಗು ಇಲ್ಲ, ಸಾಯುತ್ತೆ ಅಂತ ಬರೆದವರು ಇದ್ದಾರೆ."

ಮೇಸ್ತ್ರಿ ಒದ್ದೆ ಬಟ್ಟೆಯನ್ನು ಗುಂಡಿಗೆ ಎಸೆದ. ಅದು ಕಿರಿಯವಳ ಮುಖಕ್ಕೆ ಬಡಿಯಿತು. ನಾಲ್ವರೂ ಬಗ್ಗಿ ಹಿಂದಿನ ಬಾಗಿಲಿನಿಂದ ಹೊರಗೆ ಹೋದರು.

ಮರುದಿನ ನೇಕಾರರೇ ಗುಂಡಿಗೆ ಇಳಿದರು. ಎಂಟು ಜನ ಗಂಡಸರು. ಕೂರಲು ಮೊದಲು ಚಾಪೆ ಹಾಸಿಸಿಕೊಂಡರು. ಇಬ್ಬರಿಗೆ ಒಂದು ಗಂಟೆಯಲ್ಲೇ ಕತ್ತು ಹಿಡಿಯಿತು. ಹೊಸೆಯಲು ಯಾರಿಗೂ ಬರಲಿಲ್ಲ. ಹೊಸೆದದ್ದು ಎಳೆದರೆ ಬಿಚ್ಚುತ್ತಿತ್ತು. ಕೊನೆಗೆ ಗಂಟು ಹಾಕಿದರು. ಮೂರು ದಿನ ಕೂತು ಆರು ಸಾವಿರ ಚಿಲ್ಲರೆ ಗಂಟು ಹಾಕಿ, ಮಗ್ಗ ಎಳೆದರು. ಗಂಟು ಹಣಿಗೆಯ ಸಂದಿಯಲ್ಲಿ ತೂರಲಿಲ್ಲ. ಮೊದಲ ಎಳೆತಕ್ಕೇ ಮುನ್ನೂರ ನಲವತ್ತು ಎಳೆ ಕಡಿದವು. ಮಗ್ಗ ಮತ್ತೆ ನಿಂತಿತು.

ಸುದ್ದಿ ಊರಿಗೆಲ್ಲ ಹಬ್ಬಿತು. ಮೇಲಿನ ಬೀದಿಯಲ್ಲಿ ಆ ವಾರ ಹುಟ್ಟಿದ ಐದು ಮಕ್ಕಳ ಚೀಟಿಯೂ ತಟ್ಟೆಯಲ್ಲಿ ಉಳಿಯಿತು. ಅವರ ಅಪ್ಪಂದಿರು ಮಗ್ಗದ ಮನೆಯ ಕಚೇರಿಗೆ ಬಂದು ಕೂಗಾಡಿದರು. ಕೂಗಾಡಿದ್ದು ಕೆಳಗಿನ ಬೀದಿಯವರ ಸೊಕ್ಕಿನ ಬಗ್ಗೆ. ಒಂದೂವರೆ ಮೊಳ ಬಟ್ಟೆಯ ಬಗ್ಗೆ ಯಾರೂ ಮಾತೆತ್ತಲಿಲ್ಲ.

ಬೂದಕ್ಕನ ಮನೆಯಲ್ಲಿ ಬೇರೆಯೇ ಜಗಳ. ಮನೆ ಎಂದರೆ ಒಂದು ಕೋಣೆ, ತಗಡಿನ ಮಾಡು, ಒಂದು ಕಿಟಕಿ. ಕಿಟಕಿಯ ಕೆಳಗೆ ಮಗಳು ಮಗುವನ್ನು ತೊಡೆಯ ಮೇಲೆ ಹಾಕಿಕೊಂಡು ಕೂತಿದ್ದಳು. ಅವಳಿಗೆ ಇಪ್ಪತ್ತನಾಲ್ಕು. ಅವಳ ಗೆರೆಗೆ ಇನ್ನು ಎರಡು ವರ್ಷ.

"ಅಮ್ಮ, ಹೋಗಿ ಕೆಚ್ಚು."

"ಇಲ್ಲ."

"ಇಪ್ಪತ್ತಾರಾದರೂ ಸಿಗಲಿ ಅದಕ್ಕೆ. ನನಗೆ ಇಪ್ಪತ್ತನಾಲ್ಕು ಸಿಕ್ಕಿದೆ. ನಾನು ನಡೆದಿಲ್ವಾ, ಉಂಡಿಲ್ವಾ, ಮದುವೆ ಆಗಿಲ್ವಾ? ಅಷ್ಟಾದರೂ ಇರಲಿ."

"ನಿಮ್ಮಣ್ಣನಿಗೂ ಅಷ್ಟು ಸಿಕ್ಕಿತ್ತು."

"ಅಣ್ಣನ ಹೆಸರು ತರಬೇಡ. ಅವನು ಸತ್ತ ಸಿಟ್ಟನ್ನ ನನ್ನ ಮಗು ಮೇಲೆ ತೀರಿಸ್ತಿದೀಯ."

ಬೂದಕ್ಕ ತನ್ನ ಹೆಬ್ಬೆರಳು ನೋಡಿಕೊಂಡಳು. ಮೂವತ್ತೊಂದು ವರ್ಷ ಗುಂಡಿಯಲ್ಲಿ ಕೂತು ಕೆಚ್ಚಿದ್ದಾಳೆ. ಮಗ ಹೋದ ಮೇಲೂ ನಾಲ್ಕು ವರ್ಷ ಕೆಚ್ಚಿದ್ದಾಳೆ. ಬೀದಿಯಲ್ಲಿ ಎಷ್ಟು ಮಕ್ಕಳ ಗೆರೆಯ ಮೇಲೆ ಅವಳ ಬೆರಳಿದೆ ಎಂದು ಲೆಕ್ಕ ಹಾಕಲು ಹೋಗಿ, ಅರ್ಧಕ್ಕೇ ಬಿಟ್ಟಿದ್ದಾಳೆ. ಇಷ್ಟು ದಿನ ಇಲ್ಲದ ಬುದ್ಧಿ ಈಗ ಯಾಕೆ ಬಂತು ಎಂದು ಅವಳಿಗೇ ಗೊತ್ತಿಲ್ಲ.

"ನಿನಗೆ ಸಿಟ್ಟು ದೊಡ್ಡದು," ಎಂದಳು ಮಗಳು. "ನನಗೆ ಕೂಸು ದೊಡ್ಡದು."

ಮೂರು ದಿನ ಅವಳು ತಾಯಿಯ ಜೊತೆ ಮಾತು ಬಿಟ್ಟಳು. ನಾದಿನಿ ಬಂದು ನಡುವೆ ಕೂತು ಇಬ್ಬರಿಗೂ ಬೈದು ಹೋದಳು. ಅಳಿಯ ದಿನಾ ಸಂಜೆ ಮಗುವಿನ ಎದೆಗೆ ಕಿವಿಯಿಟ್ಟು ಕೇಳುತ್ತಿದ್ದ. ಏನು ಕೇಳುತ್ತಿದ್ದಾನೋ ಅವನಿಗೂ ಗೊತ್ತಿರಲಿಲ್ಲ.

ಮೂವತ್ತೊಂಬತ್ತನೆಯ ದಿನ ಕಚೇರಿಯಿಂದ ಕರೆ ಬಂತು. ಬೂದಕ್ಕ ಮತ್ತು ಮಗಳು, ಮಗುವನ್ನೂ ತರಬೇಕು ಎಂದು. ಆವತ್ತು ಅವರನ್ನು ಮುಂದಿನ ಬಾಗಿಲಿನಿಂದ ಬಿಟ್ಟರು. ಬೂದಕ್ಕ ಅಭ್ಯಾಸದಿಂದ ಅಲ್ಲಿಯೂ ಬಗ್ಗಿದಳು. ಆ ಬಾಗಿಲು ಎರಡಾಳು ಎತ್ತರವಿತ್ತು.

ಅಧಿಕಾರಿ ನಲವತ್ತರ ಆಸುಪಾಸಿನವನು. ಮೃದುವಾಗಿ ಮಾತಾಡುತ್ತಿದ್ದ. "ಕೂತ್ಕೊಳ್ಳಿ" ಎಂದ. ಕೋಣೆಯಲ್ಲಿ ಅವನ ಕುರ್ಚಿ ಬಿಟ್ಟರೆ ಬೇರೆ ಕುರ್ಚಿ ಇರಲಿಲ್ಲ. ಮೇಜಿನ ಮೇಲೆ ಎರಡು ತಟ್ಟೆ. ಒಂದರಲ್ಲಿ ಮೇಲಿನ, ನಡುವಿನ ಬೀದಿಗಳ ಚೀಟಿ. ಇನ್ನೊಂದರಲ್ಲಿ ಏಳು.

"ನೋಡಿಯಮ್ಮ, ನಿಮ್ಮ ಕೈಕೆಲಸ ಇಡೀ ಊರಿಗೆ ಬೇಕು. ನನಗೆ ಅದರ ಬಗ್ಗೆ ಗೌರವ ಇದೆ. ನಿಯಮ ಬದಲಾಯಿಸೋಕೆ ನನ್ನ ಕೈಲಾಗಲ್ಲ. ಆದರೆ ಒಂದು ಮಾಡಬಹುದು." ಅವನು ಏಳು ಚೀಟಿಗಳಲ್ಲಿ ಮೇಲಿನದನ್ನು ಎತ್ತಿ ಇನ್ನೊಂದು ತಟ್ಟೆಗೆ ಇಟ್ಟ. "ನಿಮ್ಮ ಮೊಮ್ಮಗುವನ್ನ ಹೊಸ ಹಾಸಲ್ಲಿ ಹಾಕಿಸ್ತೀನಿ. ಪೂರಾ ಮೂರು ಮೊಳ. ಯಾರಿಗೂ ಹೇಳಬೇಕಾಗಿಲ್ಲ. ನೀವು ಈಗಲೇ ನಾಲ್ವರೂ ಕೂತರೆ ನಾಳೆ ಸಂಜೆಗೆ ಕೆಚ್ಚಿ ಮುಗಿಯುತ್ತೆ. ರಾತ್ರಿಯೊಳಗೆ ನಾನೇ ನಿಂತು ನೇಯಿಸ್ತೀನಿ."

ಮೂರು ಮೊಳ. ಗೆರೆ ಇಲ್ಲ. ಬೂದಕ್ಕ ಮಗುವನ್ನು ನೋಡಿದಳು. ಅದು ಬಾಯಿ ತೆರೆದು ನಿದ್ದೆ ಮಾಡುತ್ತಿತ್ತು. ಉಳಿದ ಆರರ ಬಗ್ಗೆ ಕೇಳಬೇಕೆಂದು ಅವಳು ಮನೆಯಿಂದಲೇ ಸಿದ್ಧವಾಗಿ ಬಂದಿದ್ದಳು. ಅದನ್ನು ಕೇಳಲಿಲ್ಲ. ಅವಳ ತಲೆ ತಾನಾಗಿ ಹೂಂ ಎಂದು ಆಡಿತು.

"ಒಳ್ಳೇದು," ಎಂದ ಅಧಿಕಾರಿ.

"ಸಾರ್," ಎಂದಳು ಮಗಳು. ಕೆಚ್ಚು ಕೆಚ್ಚು ಎಂದು ತಾಯಿಯನ್ನು ಹರಿದು ತಿಂದು, ಆಮೇಲೆ ಮಾತೇ ಬಿಟ್ಟವಳು ಅವಳು. "ತುಂಡಲ್ಲಿ ಏಳು ಜಾಗ ಇತ್ತು. ಈಗ ನನ್ನ ಮಗು ಜಾಗ ಖಾಲಿಯಾಯ್ತಲ್ಲ. ಅಲ್ಲಿಗೆ ಯಾರು?"

"ಅದು ನಿಮಗ್ಯಾಕೆ? ಖಾಲಿ ಬಿಡೋಕಾಗಲ್ಲ. ಮುಂದೆ ಹುಟ್ಟೋ ಯಾರಾದರೂ ಬರ್ತಾರೆ. ನಿಮ್ಮ ಬೀದಿಯವರೇ."

"ಪಕ್ಕದ ಮನೆಯವಳಿಗೆ ಒಂಬತ್ತು ತುಂಬಿದೆ. ಇವತ್ತೋ ನಾಳೆಯೋ."

"ಇರಬಹುದು."

"ನಾನು ಅವಳ ಜೊತೆ ಒಂದೇ ನಲ್ಲಿಯಲ್ಲಿ ನೀರು ಹಿಡೀಬೇಕು ಸಾರ್."

ಅಧಿಕಾರಿ ಕನ್ನಡಕ ತೆಗೆದು ಒರೆಸಿದ. "ಭಾವನೆಯ ಮಾತು ಬೇಡ. ನಾಳೆ ನಲವತ್ತನೇ ದಿನ. ಮಗು ಸಾಯುತ್ತೆ. ಅದನ್ನ ಯೋಚಿಸಿ."

ಮಗಳು ಮೇಜಿನ ಮೇಲೆ ಬಾಗಿ ಮೇಲಿನವರ ತಟ್ಟೆಯಿಂದ ತನ್ನ ಮಗುವಿನ ಚೀಟಿ ತೆಗೆದಳು. ಹಳೆಯ ತಟ್ಟೆಗೆ ವಾಪಸು ಹಾಕುತ್ತಾಳೆ ಎಂದುಕೊಂಡ ಅಧಿಕಾರಿ. ಅವಳು ಅದನ್ನು ಸೆರಗಿನ ತುದಿಗೆ ಕಟ್ಟಿದಳು.

"ಚೀಟಿ ಕಚೇರಿಯದು!" ಎಂದು ಅವನು ಎದ್ದ. ಮೃದುತನ ಹೋಗಿತ್ತು.

"ಮಗು ನಂದು."

"ಏಯ್, ಇದನ್ನ ಇಲ್ಲಿ ಇಟ್ಟು ಹೋಗು! ಚೀಟಿ ಇಲ್ಲದಿದ್ದರೆ ನೇಯೋಕೇ ಆಗಲ್ಲ, ಗೊತ್ತಾ ನಿನಗೆ?"

"ನೇಯಬೇಡಿ," ಎಂದಳು. "ಹಾಗೂ ಬೇಡ, ಹೀಗೂ ಬೇಡ. ನೇಯಲೇಬೇಡಿ."

ಹೊರಗೆ ಬಂದು ರಸ್ತೆಯ ಬದಿಯಲ್ಲಿ ಅವಳು ಸೆರಗಿನ ಗಂಟನ್ನು ಇನ್ನೊಮ್ಮೆ ಬಿಗಿದಳು. ಬೂದಕ್ಕ ಮಗುವನ್ನು ಎತ್ತಿಕೊಂಡು ನಿಂತಿದ್ದಳು. ಹೂಂ ಎಂದದ್ದು ತಾನು. ಬೇಡ ಎಂದದ್ದು ಮಗಳು.

ನಲವತ್ತನೆಯ ದಿನ ಸಂಜೆಯೇ ಬೀದಿಯ ಹೆಂಗಸರು ಬಂದು ಕೋಣೆ ತುಂಬಿದರು. ಕೆಲವರು ಧೈರ್ಯ ಹೇಳಲು ಬಂದಿದ್ದರು. ಕೆಲವರು ಬೈಯಲು ಬಂದಿದ್ದರು. ಉಳಿದ ಆರು ಮಕ್ಕಳ ತಾಯಂದಿರು ಗೋಡೆಗೆ ಒರಗಿ ಕೂತರು. ಅವರಲ್ಲಿ ಒಬ್ಬಳು, "ನಿಮ್ಮ ಮನೆ ಹಟಕ್ಕೆ ನಮ್ಮ ಮಕ್ಕಳೂ ಸಾಯಬೇಕಾ?" ಎಂದಳು. ಯಾರೂ ಅವಳನ್ನು ಸುಮ್ಮನಾಗಿಸಲಿಲ್ಲ.

ಬೆಳಗ್ಗೆ ಆರು ನಲವತ್ತಕ್ಕೆ ಕಿಟಕಿಗೆ ಬಿಸಿಲು ಬಂತು. ಮೊದಲು ಗೋಡೆಗೆ ಬಿತ್ತು. ಆಮೇಲೆ ಪಾತ್ರೆಗಳಿಗೆ. ಮಗು ಬೂದಕ್ಕನ ತೊಡೆಯ ಮೇಲಿತ್ತು. ಮಗಳಿಗೆ ಹಿಡಿದುಕೊಳ್ಳುವ ಧೈರ್ಯವಿರಲಿಲ್ಲ. ಆರು ಐವತ್ತೈದಕ್ಕೆ ಬಿಸಿಲು ಮಗುವಿನ ಕಾಲಿಗೆ ಬಂತು, ಹೊಟ್ಟೆಗೆ ಬಂತು, ಮುಖಕ್ಕೆ ಬಂತು. ಮಗು ಮುಖ ಕಿವುಚಿತು. ಕಣ್ಣು ಬಿಗಿಯಾಗಿ ಮುಚ್ಚಿ ಕೈಕಾಲು ಸೆಟೆಸಿತು. ಮಗಳು ಚೀರಿದಳು.

ಮಗು ಬೂದಕ್ಕನ ಸೀರೆಯೆಲ್ಲ ನೆನೆಯುವ ಹಾಗೆ ಉಚ್ಚೆ ಹೊಯ್ದು, ಆಮೇಲೆ ಹಸಿವಿಗೆ ಅತ್ತಿತು.

"ಇದೇ ಆ ಬಾಗಿಲ ಮೇಲಿನ ಬರಹಕ್ಕೆ ಉತ್ತರ," ಎಂದಳು ನಾದಿನಿ. ನಗಲು ಹೋಗಿ ಅವಳಿಗೆ ಅಳು ಬಂತು.

ಹನ್ನೊಂದು ಗಂಟೆಗೆ ಅಧಿಕಾರಿ ಗುಮಾಸ್ತನನ್ನು ಕಳಿಸಿ ಮಗು ಉಸಿರಾಡುತ್ತಿದೆಯೇ ಎಂದು ನೋಡಿಸಿದ. ಗುಮಾಸ್ತ ಹೊಸ್ತಿಲ ಹೊರಗೇ ನಿಂತು ನೋಡಿದ. ಮಗು ಅವನನ್ನು ನೋಡಿತು. ಮಧ್ಯಾಹ್ನ ಮೂರಕ್ಕೆ ಮಗ್ಗದ ಮನೆಯ ಗೋಡೆಗೆ ಒಂದು ಪ್ರಕಟಣೆ ಅಂಟಿಸಿದರು. ಕೆಳಗಿನ ಬೀದಿಯ ಸದರಿ ಮಗುವಿನ ಹುಟ್ಟಿದ ದಿನಾಂಕ ತಪ್ಪಾಗಿ ನಮೂದಾಗಿದ್ದು, ಅದಕ್ಕೆ ಇನ್ನೂ ನಲವತ್ತು ದಿನ ತುಂಬಿರುವುದಿಲ್ಲ ಎಂದು ಅದರಲ್ಲಿತ್ತು. ಎಷ್ಟು ದಿನ ತಪ್ಪಾಗಿದೆ ಎಂದು ಬರೆದಿರಲಿಲ್ಲ.

ಬೂದಕ್ಕನಿಗೆ ಓದಲು ಬರುತ್ತಿರಲಿಲ್ಲ. ಅಳಿಯ ಓದಿ ಹೇಳಿದ. ಅವಳು ಇನ್ನೊಮ್ಮೆ ಓದಿಸಿದಳು.

"ಬದುಕಿದ್ದೂ ತಪ್ಪು ಅಂತಾರಲ್ಲೋ," ಎಂದಳು. ಅವಳಿಗೆ ಗೆದ್ದ ಹಾಗೆ ಅನಿಸಲಿಲ್ಲ. ಮಗನ ಗೆರೆ ನೆನಪಾಯಿತು. ಬದುಕಲು ಆ ಒಂದೂವರೆ ಮೊಳವೂ ಬೇಕಿರಲಿಲ್ಲ, ಆ ಮಗ್ಗವೂ ಬೇಕಿರಲಿಲ್ಲ. ಇಷ್ಟು ವರ್ಷ ಒಬ್ಬರೂ ಒಂದು ದಿನ ತಡ ಮಾಡಿ ನೋಡಿರಲಿಲ್ಲ. ಅವಳೂ ನೋಡಿರಲಿಲ್ಲ. ಗೋಡೆಗೆ ಒರಗಿ ಹೆಬ್ಬೆರಳನ್ನು ಕಲ್ಲಿಗೆ ತಿಕ್ಕಿದಳು. ಚರ್ಮ ಕಿತ್ತು ರಕ್ತ ಬಂತು. ನೋವು ಗೊತ್ತಾಗಲಿಲ್ಲ.

ಮರುದಿನ ಕಚೇರಿ ತೆರೆಯುವ ಹೊತ್ತಿಗೆ ಆರು ಬಾಣಂತಿಯರು ಬಂದು ತಮ್ಮ ಮಕ್ಕಳ ಚೀಟಿ ವಾಪಸು ಕೇಳಿದರು. ಅಂಥ ಅರ್ಜಿಗೆ ನಮೂನೆ ಇಲ್ಲ ಎಂದು ಗುಮಾಸ್ತ ಹೇಳಿದ. ಅವರು ಮುಂದಿನ ಬಾಗಿಲ ಮೆಟ್ಟಿಲ ಮೇಲೆ ಕೂತರು. ಮಕ್ಕಳಿಗೆ ಅಲ್ಲೇ ಹಾಲು ಕುಡಿಸಿದರು. ಸಂಜೆ ಐದಕ್ಕೆ ಕಚೇರಿ ಮುಚ್ಚುವಾಗ ಮೆಟ್ಟಿಲ ಮೇಲೆ ಹನ್ನೊಂದು ಹೆಂಗಸರಿದ್ದರು. ಅವರಲ್ಲಿ ಇಬ್ಬರು ಮೇಲಿನ ಬೀದಿಯ ಬಾಣಂತಿಯರು.